ಎರಡನೆಯ ಚಪ್ಪರದ ಸಾಕ್ಷಿ

ಅಕ್ಕನ ಮದುವೆಯಲ್ಲಿ ಊರಿಗೆಲ್ಲ ಊಟ ಬಡಿಸಿದ ಮುನವ್ವರ್, ಮಾರನೆಯ ಮಧ್ಯಾಹ್ನದ ಊಟವನ್ನು ಪೊಲೀಸ್ ಠಾಣೆಯ ಬೆಂಚಿನ ಮೇಲೆ ಕುಳಿತು ಉಂಡ. ಅದೂ ಪೊಲೀಸರು ಕೊಟ್ಟದ್ದಲ್ಲ. ತಾಯಿ ಸಫಿಯಮ್ಮ ಮದುವೆಯಲ್ಲಿ ಉಳಿದ ತುಪ್ಪದನ್ನವನ್ನು ಬಿಸಿಮಾಡಿ ಟಿಫಿನ್ ಕ್ಯಾರಿಯರಿನಲ್ಲಿ ಕೊಂಡುಹೋದದ್ದು. ಎರಡು ಸಾವಿರದ ಇಸವಿಯ ಫೆಬ್ರವರಿ ತಿಂಗಳು ಅದು. ಹಿರಿಮಗಳು ರಿಫಾಳನ್ನು ಮೂಡಬಿದಿರೆಗೆ ಕಳಿಸಿಕೊಟ್ಟ ಕಣ್ಣೀರು ಆರುವ ಮೊದಲೇ ಮಗನಿಗಾಗಿ ಅಳಬೇಕಾಯಿತಲ್ಲ ಎಂದು ಸಫಿಯಮ್ಮ ಆಮೇಲೆ ಎಷ್ಟೋ ಸಲ ಹೇಳಿಕೊಂಡದ್ದುಂಟು.

ಆದದ್ದು ಇಷ್ಟೆ. ಮದುವೆಯ ದಿನ ಮಧ್ಯಾಹ್ನ ಒಂದೂವರೆಗೆ ಫರಂಗಿಪೇಟೆಯ ಜಂಕ್ಷನ್ನಿನಲ್ಲಿ ಹಿಂದೂ, ಬ್ಯಾರಿ ಮುಸ್ಲಿಂ ಎರಡು ಕಡೆಯ ಹುಡುಗರಿಗೆ ಮಾತಿಗೆ ಮಾತು ಬೆಳೆದು ಕಲ್ಲು ಹಾರಿತು. ಒಂದು ಬಸ್ಸಿನ ಗಾಜು ಹೋಯಿತು, ಅಂಗಡಿಗಳು ಬಾಗಿಲು ಹಾಕಿದವು. ಪೊಲೀಸರು ಎರಡೂ ಕಡೆಯವರ ಮೇಲೆ ಒಂದೊಂದು ಕೇಸು ಮಾಡಿದರು. ಇಂಥ ಗಲಾಟೆಗಳಲ್ಲಿ ಪಕ್ಷಪಾತವೆಂಬ ಮಾತು ಬರಬಾರದು ನೋಡಿ, ಹಾಗಾಗಿ ಎರಡೂ ಪಟ್ಟಿಯಲ್ಲಿ ತಲೆ ಸಮ ಇರಬೇಕು. ಆ ಕಡೆಯವರು ಹತ್ತು ಜನ ಸಿಕ್ಕಿದ್ದರು, ಈ ಕಡೆಯವರು ಒಂಬತ್ತೇ. ಜಂಕ್ಷನ್ನಿನ ಸ್ಟ್ಯಾಂಡಿನಲ್ಲಿ ಮುನವ್ವರ್ ಓಡಿಸುವ ರಿಕ್ಷಾ ಅನಾಥವಾಗಿ ನಿಂತಿತ್ತು. ಮದುಮಗನ ಕಡೆಯವರ ಕಾರುಗಳಿಗೆ ಅಂಗಳದಲ್ಲಿ ಜಾಗ ಬೇಕೆಂದು ಅವನು ಬೆಳಗ್ಗೆಯೇ ಅದನ್ನು ಅಲ್ಲಿ ಬಿಟ್ಟು ನಡೆದು ಬಂದಿದ್ದ. ನಂಬರು ನೋಡಿ ಹೆಸರು ಬರೆದರು, ಹತ್ತನೆಯವನಾದ.

ಜಾಮೀನು ನಾಲ್ಕು ದಿನಕ್ಕೆ ಸಿಕ್ಕಿತು. ಕೇಸು ಮಾತ್ರ ಒಂದೂವರೆ ವರ್ಷ ವಾಯಿದೆಯಿಂದ ವಾಯಿದೆಗೆ ತೆವಳಿತು. ಅಷ್ಟರಲ್ಲಿ ಸೌದಿಯ ದಮ್ಮಾಮಿನಲ್ಲಿದ್ದ ದೊಡ್ಡ ಮಗ ಝುಬೈರ್ ತಮ್ಮನಿಗೊಂದು ವೀಸಾ ಮಾಡಿಸಿದ. ಕೇಸು ಇರುವವನಿಗೆ ಪೊಲೀಸರು ಪಾಸ್‌ಪೋರ್ಟಿನ ಕಾಗದಕ್ಕೆ ಒಪ್ಪಿಗೆ ಬರೆಯುವುದಿಲ್ಲ. ವೀಸಾ ಮೂರು ತಿಂಗಳಿಗಿಂತ ಹೆಚ್ಚು ಕಾಯುವುದಿಲ್ಲ.

"ವಕೀಲರು ಎಂತ ಹೇಳಿದ್ರು?" ಎಂದು ಸಫಿಯಮ್ಮ ಕೇಳಿದಾಗ ಗಂಡ ಮೊಯಿದಿನಬ್ಬ ಅಕ್ಕಿಯ ಪುಂಡಿ ಕಡುಬನ್ನು ಬಂಗುಡೆ ಮೀನಿನ ಸಾರಿನಲ್ಲಿ ಮುರಿಯುತ್ತಿದ್ದ. ಪೇಟೆಯಲ್ಲಿ ಜೀನಸಿನ ಅಂಗಡಿ ಇಟ್ಟ, ಅಳೆದು ತೂಗಿ ಮಾತಾಡುವ ಮನುಷ್ಯ ಅವನು.

"ಇನ್ನು ನಾಲ್ಕು ವಾರಕ್ಕೆ ನಮ್ಮ ಕಡೆಯ ಸಾಕ್ಷಿ. ಇದ್ದರೆ ತನ್ನಿ ಅಂದ್ರು ರವೂಫ್ ವಕೀಲರು."

"ಮದುವೆಗೆ ಬಂದವರು ಇನ್ನೂರು ಜನ ಇದ್ರಲ್ಲ!"

"ಬ್ಯಾರಿಯ ಮಗನಿಗೆ ಬ್ಯಾರಿಗಳೇ ಸಾಕ್ಷಿ ಹೇಳಿದ್ರೆ ಮನೆಯವರ ಮಾತು ಅಂತ ಬದಿಗೆ ಇಡ್ತಾರಂತೆ. ಆ ಕಡೆ ಇಬ್ಬರು ಕಾನ್‌ಸ್ಟೇಬಲ್ ಕಣ್ಣಾರೆ ನೋಡಿದ್ದೇವೆ ಅಂದಾಗಿದೆ."

ಕಿರಿಮಗಳು ಮುರ್ಶಿದಾ ಅಲ್ಲೇ ಕುಳಿತು ಬೀಡಿ ಎಲೆಯನ್ನು ಅಳತೆಗೆ ಕತ್ತರಿಸುತ್ತಿದ್ದಳು. ಹಗಲು ಕಾಲೇಜು, ಸಂಜೆ ತಾಯಿಯೊಟ್ಟಿಗೆ ಬೀಡಿ. ಅವಳು ಕತ್ತರಿ ಕೆಳಗಿಟ್ಟಳು. "ಉಪ್ಪ, ಮುನವ್ವರ್ ಕಾಕ ಆ ಹೊತ್ತಿನಲ್ಲಿ ನಮ್ಮ ಚಪ್ಪರದಲ್ಲಿ ಇರ್ಲೇ ಇಲ್ಲ. ಎರಡನೇ ಚಪ್ಪರದಲ್ಲಿ ಇದ್ದದ್ದು. ಅಲ್ಲಿದ್ದವರೆಲ್ಲ ಹಿಂದುಗಳೇ."

ಬ್ಯಾರಿಗಳ ಮದುವೆಯಲ್ಲಿ ಹಿಂದೂ ನೆರೆಯವರಿಗೆ ಬೇರೆಯೇ ಚಪ್ಪರ ಹಾಕುವುದು ಆ ಊರಿನ ಪದ್ಧತಿ. ಭಟ್ಟರನ್ನು ಕರೆಸಿ, ಹೊಸ ಪಾತ್ರೆ ತಂದು, ಬಾಳೆಲೆಯ ಮೇಲೆ ತರಕಾರಿ ಊಟ. ದಿನಾ ಮೀನಿಲ್ಲದೆ ಅನ್ನ ಇಳಿಯದವರೂ ಆ ದಿನ ಬ್ಯಾರಿಗಳ ಅಂಗಳದಲ್ಲಿ ಸೌತೆಕಾಯಿ ಹುಳಿ ಉಂಡು ಹೋಗುತ್ತಾರೆ. ಪದ್ಧತಿ ಅಂದ ಮೇಲೆ ಕಾರಣ ಕೇಳಲಿಕ್ಕಿಲ್ಲ. ಬಂದವರಿಗೆ ಮನೆಯವರಲ್ಲೇ ಒಬ್ಬ ನಿಂತು ಬಡಿಸಬೇಕು, ಇಲ್ಲದಿದ್ದರೆ ಮರ್ಯಾದೆಯಲ್ಲ. ಆ ದಿನ ನಿಂತವನು ಮುನವ್ವರ್.

"ಶೇಖರಣ್ಣ ಇದ್ರು," ಎಂದಳು ಸಫಿಯಮ್ಮ. "ಉಳಿದವರು ಗಲಾಟೆಗೆ ಹೆದರಿ ಬಾಯಿ ಬಿಡುದಿಲ್ಲ. ಇವರು ಎಲ್ಲರೂ ಎದ್ದ ಮೇಲೆಯೂ ಇದ್ರು. ನಾನೇ ನೋಡಿದ್ದೇನೆ."

ಶೇಖರ ಮೂರನೆಯ ಮನೆಯವನು, ಕರೆಂಟ್ ಆಫೀಸಿನಲ್ಲಿ ಲೈನ್‌ಮ್ಯಾನ್. ಮೊಯಿದಿನಬ್ಬನ ಕೈ ಬಟ್ಟಲಲ್ಲೇ ನಿಂತಿತು.

"ಆ ಹೆಸರು ಎತ್ತಬೇಡ."

"ಯಾಕೆ? ಕೋರ್ಟಿಗೆ ಬಂದು ಎರಡು ಮಾತು ಹೇಳಿದ್ರೆ ಅವರ ಗಂಟು ಹೋಗ್ತದಾ?"

"ಊಟಕ್ಕೆ ಕರೆದವನನ್ನು ಕೋರ್ಟಿಗೂ ಕರೆಯುದಾ, ಸಫಿಯಾ? ಒಂದೆಲೆ ಅನ್ನ ಹಾಕಿದ್ದಕ್ಕೆ ಬಾಡಿಗೆ ಕೇಳಿದ ಹಾಗಾಗ್ತದೆ."

"ನಿಮ್ಮ ಮರ್ಯಾದೆಗೆ ನನ್ನ ಮಗ ಜೈಲಿಗೆ ಹೋಗ್ಬೇಕಾ?"

ಮೊಯಿದಿನಬ್ಬ ಕೈ ತೊಳೆದ. ಒರೆಸಿಕೊಂಡು ಬಂದು ತಗ್ಗಿದ ದನಿಯಲ್ಲಿ ಹೇಳಿದ: "ಅವತ್ತು ಅವನಿಗೆ ಡ್ಯೂಟಿ ಇತ್ತು. ಅರ್ಕುಳದ ಹತ್ತಿರ ತಂತಿ ರಿಪೇರಿ ಮಾಡ್ತಿದ್ದೇನೆ ಅಂತ ಆಫೀಸಿನ ಪುಸ್ತಕದಲ್ಲಿ ಬರೆದು ನಮ್ಮಲ್ಲಿಗೆ ಬಂದಿದ್ದ. ರಿಫಾ ಕಣ್ಣೆದುರು ಬೆಳೆದ ಹುಡುಗಿ, ಹೇಗೆ ಬರದೆ ಇರುದು ಮೊಯ್ದಿನಾಕ ಅಂದ. ಕೋರ್ಟಿನಲ್ಲಿ ಅದನ್ನು ಹೇಳಿದ್ರೆ ಅವನ ಕೆಲಸ ಉಳೀತದಾ?"

ಸಫಿಯಮ್ಮನಿಗೆ ಅದು ಹೊಸ ಸುದ್ದಿ. ಒಂದೂವರೆ ವರ್ಷದಿಂದ ಈ ಮನುಷ್ಯ ಇದನ್ನು ಹೊಟ್ಟೆಯಲ್ಲಿಟ್ಟುಕೊಂಡು ಓಡಾಡಿದ್ದ, ವಕೀಲರಿಗೂ ಹೇಳಿರಲಿಲ್ಲ. ಅವಳಿಗೆ ಗಂಡನ ಮೇಲೆ ಸಿಟ್ಟು ಬಂತು. ಸಿಟ್ಟಿನ ಒಟ್ಟಿಗೇ ಇನ್ನೊಂದು ಬಗೆಯ ಗೌರವವೂ ಬಂತು, ಅದರಿಂದ ಸಿಟ್ಟು ಇನ್ನೂ ಹೆಚ್ಚಾಯಿತು.

ಮುಂದಿನ ಎರಡು ವಾರ ಆ ಮನೆಯಲ್ಲಿ ಪಾತ್ರೆಗಳೇ ಹೆಚ್ಚು ಮಾತಾಡಿದವು. ಮುನವ್ವರ್ ತಂದೆ ಅಂಗಡಿಗೆ ಹೋದ ಮೇಲೆ ಉಣ್ಣತೊಡಗಿದ. ಒಣಮೀನು ಹುರಿದರೂ ಬೇಡ, ಅಕ್ಕಿಯ ಪತ್ತಿರಿ ರೊಟ್ಟಿ ಮಾಡಿದರೂ ಬೇಡ.

"ನೀನೇ ಹೋಗಿ ಶೇಖರಣ್ಣನನ್ನು ಕೇಳು," ಎಂದಳು ತಾಯಿ.

"ನಾನು ಕೇಳುದಿಲ್ಲ ಉಮ್ಮ. ಅವರಿಗೆ ಗೊತ್ತಿಲ್ಲವಾ? ಒಂದೂವರೆ ವರ್ಷ ಆಯ್ತು, ರಿಕ್ಷಾದ ಎದುರು ಬಂದ್ರೂ ಮುಖ ತಿರುಗಿಸಿ ಹೋಗ್ತಾರೆ. ಗಲಾಟೆ ಆದ ಮೇಲೆ ಅವರೂ ಆ ಕಡೆಯವರೇ."

"ಹಾಗೆ ಹೇಳ್ಬೇಡ, ಕಾಕ," ಎಂದಳು ಮುರ್ಶಿದಾ ಅಣ್ಣನಿಗೆ. "ಹೆದರಿಕೆ ಇದ್ದವರೂ ಮುಖ ತಿರುಗಿಸ್ತಾರೆ."

"ನೀನು ಕಾಲೇಜಿನಲ್ಲಿ ಭಾಷಣ ಮಾಡು."

ಬೀಡಿಯ ಮೊರ ಬದಿಗೆ ಸರಿಸಿ ಸಫಿಯಮ್ಮ ಒಂದು ಸಂಜೆ ಎದ್ದಳು. ಹಿತ್ತಿಲಿನಲ್ಲಿ ಬಿಟ್ಟ ನಾಲ್ಕು ನುಗ್ಗೆಕಾಯಿ ಕಿತ್ತು ಸೆರಗಿನಡಿ ಇಟ್ಟುಕೊಂಡಳು. ಬರಿಗೈಯಲ್ಲಿ ಹೋಗಬಾರದೆಂಬುದು ನೆಪ. ಶೇಖರನ ಹೆಂಡತಿ ಕಾಂತಿ ಬಾವಿಕಟ್ಟೆಯಲ್ಲಿ ಕೊಡ ತೊಳೆಯುತ್ತಿದ್ದಳು.

"ಬನ್ನಿ ಸಫಿಯಕ್ಕ. ಎಷ್ಟು ಸಮಯ ಆಯ್ತು ನೀವು ಈ ಮೆಟ್ಟಿಲು ಹತ್ತದೆ."

ಕಾಂತಿ ಚಹಾ ತಂದಳು. ಮಗ ಭವಿತ್ ಹತ್ತನೆಯ ತರಗತಿಯೆಂದಳು, ಅವನಿಗೆ ಡಿಪ್ಲೊಮಾ ಮಾಡಿಸುವ ಆಸೆಯೆಂದಳು. ಸಫಿಯಮ್ಮ ಹೂಂ ಹೂಂ ಎಂದು ಚಹಾ ಮುಗಿಸಿದಳು. ಎದುರಿನ ಗೋಡೆಯಲ್ಲಿ ಗೂಟಕ್ಕೆ ಶೇಖರನ ಖಾಕಿ ಅಂಗಿ ನೇತುಹಾಕಿತ್ತು.

ಕಾಂತಿಯೇ ಹೇಳಿದಳು. "ನೀವು ಯಾಕೆ ಬಂದದ್ದು ಅಂತ ನನಗೆ ಗೊತ್ತುಂಟು. ಒಂದು ಮಾತು ಹೇಳ್ತೇನೆ, ಬೇಜಾರು ಮಾಡ್ಬೇಡಿ. ಕೇಳ್ಬೇಡಿ. ಕೇಳಿದ್ರೆ ಇವರು ಇಲ್ಲ ಅನ್ನುವ ಜನ ಅಲ್ಲ. ಅದಕ್ಕೇ ಕೇಳ್ಬೇಡಿ. ಈ ಸಂಬಳ ಬಿಟ್ಟರೆ ನಮಗೆ ಬೇರೆ ಎಂತದೂ ಇಲ್ಲ ಅಕ್ಕ."

ಸಫಿಯಮ್ಮನಿಗೆ, ನನ್ನ ಮಗನದ್ದು ಜೀವಮಾನ, ನಿನ್ನ ಗಂಡನದ್ದು ಸಂಬಳ ಎಂದು ಕೂಗಿಬಿಡಬೇಕೆನಿಸಿತು. ಆದರೆ ಕಾಂತಿಯ ಲೋಟದ ಚಹಾ ಸೀರೆಗೆ ಚೆಲ್ಲಿದ್ದು ಅವಳಿಗೇ ಗೊತ್ತಾಗಿರಲಿಲ್ಲ. ತಾನೇ ಆ ಜಾಗದಲ್ಲಿದ್ದರೆ ಇದಕ್ಕಿಂತ ಕೆಟ್ಟದಾಗಿ ಹೇಳುತ್ತಿದ್ದೆ ಎಂದು ಸಫಿಯಮ್ಮನಿಗೆ ಗೊತ್ತಿತ್ತು.

"ನಾನು ನುಗ್ಗೆಕಾಯಿ ಕೊಡ್ಲಿಕ್ಕೆ ಬಂದದ್ದು, ಕಾಂತಿ," ಎಂದು ನಾಲ್ಕನ್ನೂ ಚಾವಡಿಯ ಮೇಲಿಟ್ಟು ಮನೆಗೆ ಬಂದಳು. ಆ ರಾತ್ರಿ ಅಲ್ಲಾಹನ ಹತ್ತಿರ ಮಾತ್ರ ಕೇಳಿದಳು.

ಕೇಳಿದ್ದರೆ ಕಾಂತಿ ಗಟ್ಟಿಯಾಗಿ ನಿಲ್ಲುತ್ತಿದ್ದಳೇನೋ. ಕೇಳದೆ ಹೋದದ್ದು ಅವಳನ್ನು ಕೂರಗೊಡಲಿಲ್ಲ. ಮೂರನೆಯ ದಿನ ನುಗ್ಗೆಕಾಯಿ ಸಾಂಬಾರು ಬಡಿಸುವಾಗ ಗಂಡನಿಗೆ ಎಲ್ಲ ಹೇಳಿಬಿಟ್ಟಳು. ಉಂಡ ಕೈಯನ್ನೂ ಸರಿಯಾಗಿ ಒರೆಸಿಕೊಳ್ಳದೆ ಶೇಖರ ಮೊಯಿದಿನಬ್ಬನ ಜಗಲಿಗೆ ಬಂದ.

"ಮೊಯ್ದಿನಾಕ, ನಿಮ್ಮಷ್ಟು ಕೆಟ್ಟ ಮನುಷ್ಯನನ್ನು ನಾನು ನೋಡ್ಲಿಲ್ಲ."

"ಎಂತಾಯ್ತು ಮಾರಾಯ? ಕೂತ್ಕೋ."

"ಕೂರುದಿಲ್ಲ. ಒಂದೂವರೆ ವರ್ಷದಿಂದ ಕಾಯ್ತಾ ಇದ್ದೇನೆ. ಇವತ್ತು ಕೇಳ್ತಾರೆ, ನಾಳೆ ಕೇಳ್ತಾರೆ ಅಂತ. ನಾನಾಗಿ ಬಂದು ಹೇಳ್ಲಿಕ್ಕೆ ನನಗೆ ಧೈರ್ಯ ಇರ್ಲಿಲ್ಲ, ಅದು ನನ್ನ ತಪ್ಪು. ಈ ಹುಡುಗನ ಮುಖ ನೋಡ್ಲಿಕ್ಕಾಗದೆ ತಲೆ ತಗ್ಗಿಸಿ ತಿರುಗಿದೆ. ಆದ್ರೆ ನೀವು ಕೇಳ್ಬಹುದಿತ್ತಲ್ಲ! ನಾನು ಅಷ್ಟು ಹೊರಗಿನವನಾದೆನಾ?"

"ನಿನ್ನ ಕೆಲಸ..."

"ಕೆಲಸ ಹೋದ್ರೆ ಹೋಗ್ತದೆ. ವಕೀಲರಿಗೆ ಹೇಳಿ, ಸಮನ್ಸ್ ಕಳಿಸ್ಲಿ."

ಮೊಯಿದಿನಬ್ಬ ಗೋಡೆಗೆ ಒರಗಿ ಅತ್ತ. ಮೂವತ್ತು ವರ್ಷದ ಸಂಸಾರದಲ್ಲಿ ಸಫಿಯಮ್ಮ ಅವನು ಅತ್ತದ್ದನ್ನು ನೋಡಿದ್ದು ತಾಯಿ ತೀರಿಕೊಂಡ ದಿನ ಮಾತ್ರ. ಅಡುಗೆ ಕೋಣೆಯ ಬಾಗಿಲಲ್ಲಿ ನಿಂತ ಮುನವ್ವರ್ ಎಲ್ಲ ಕೇಳಿಸಿಕೊಂಡ. ಆ ರಾತ್ರಿ ಅವನು ತಂದೆಯ ಪಕ್ಕದಲ್ಲೇ ಕುಳಿತು ಉಂಡ, ಎರಡು ಸಲ ಸಾರು ಹಾಕಿಸಿಕೊಂಡ.

ಬಿ.ಸಿ. ರೋಡಿನ ಕೋರ್ಟಿನಲ್ಲಿ ಸಾಕ್ಷಿಯ ದಿನ ಸಫಿಯಮ್ಮ ಹಿಂದಿನ ಬೆಂಚಿನಲ್ಲಿ ಮುರ್ಶಿದಾಳ ಕೈ ಹಿಡಿದು ಕುಳಿತಿದ್ದಳು. ನ್ಯಾಯಾಧೀಶರು ಹೆಂಗಸು, ಕನ್ನಡಕ ಹಾಕಿದ ಸಣ್ಣ ಪ್ರಾಯದವರು. ಶೇಖರ ಇಸ್ತ್ರಿ ಮಾಡಿದ ಬಿಳಿ ಅಂಗಿಯಲ್ಲಿ ಕಟಕಟೆ ಹತ್ತಿದ. ರವೂಫ್ ವಕೀಲರು ಕೇಳಿದ್ದಕ್ಕೆಲ್ಲ ನೇರವಾಗಿ ಹೇಳಿದ: ಒಂದೂಕಾಲಿಗೆ ಎಲೆಯ ಮುಂದೆ ಕುಳಿತೆ, ಎರಡೂವರೆಗೆ ಚಪ್ಪರ ಬಿಟ್ಟೆ, ಅಷ್ಟೂ ಹೊತ್ತು ಮುನವ್ವರ್ ಅಲ್ಲೇ ಬಡಿಸುತ್ತಿದ್ದ.

ಸರಕಾರಿ ವಕೀಲರು ಎದ್ದರು. "ಅವತ್ತು ಗುರುವಾರ. ನೀವು ಸರಕಾರಿ ನೌಕರರು. ಕೆಲಸ ಇರಲಿಲ್ಲವಾ?"

"ಇತ್ತು."

"ರಜೆ ಹಾಕಿದ್ದಿರಾ?"

"ಇಲ್ಲ. ಅರ್ಕುಳದಲ್ಲಿ ಲೈನ್ ಕೆಲಸ ಅಂತ ಪುಸ್ತಕದಲ್ಲಿ ಬರೆದು ಬಂದಿದ್ದೆ."

ವಕೀಲರಿಗೆ ಕೇಳದೆ ಸಿಕ್ಕ ಹಣ್ಣು. "ಅಂದರೆ ಸುಳ್ಳು ಬರೆದಿರಿ. ಅಲ್ಲಿ ಸುಳ್ಳು ಬರೆದವರು ಇಲ್ಲಿ ನಿಜ ಹೇಳ್ತೀರಿ ಅಂತ ಕೋರ್ಟು ಯಾಕೆ ನಂಬಬೇಕು?"

ಶೇಖರ ತಡವರಿಸಲಿಲ್ಲ. "ನಾನು ಸುಳ್ಳು ಹೇಳುವವನಾದ್ರೆ ಇದನ್ನು ಇಲ್ಲಿ ಒಪ್ಪಿಕೊಳ್ತಿರಲಿಲ್ಲ ಸರ್. ರಜೆಯಲ್ಲಿದ್ದೆ ಅಂತ ಹೇಳಿ ಸಂಬಳ ಉಳಿಸಿಕೊಳ್ತಿದ್ದೆ."

"ಒಂದೂಕಾಲು, ಎರಡೂವರೆ ಅಂತ ಇಷ್ಟು ಸರಿಯಾಗಿ ನೆನಪಿರುವುದು ಹೇಗೆ?"

"ಕದ್ದು ಬಂದವನಿಗೆ ಗಡಿಯಾರದ ಮೇಲೆಯೇ ಕಣ್ಣು. ಎರಡೂಮುಕ್ಕಾಲಿಗೆ ಲೈನ್ ಸರಿಯಾಯ್ತು ಅಂತ ಫೋನ್ ಮಾಡ್ಲಿಕ್ಕಿತ್ತು."

"ಬಡಿಸುವವರು ಎಷ್ಟೋ ಜನ ಇರ್ತಾರೆ. ಇವನೇ ಅಂತ ಹೇಗೆ ಹೇಳ್ತೀರಿ?"

"ಇವನು ಅನ್ನದ ಮೇಲೆ ಪಾಯಸ ಬಡಿಸಿದ." ಶೇಖರ ನ್ಯಾಯಾಧೀಶರ ಕಡೆ ತಿರುಗಿದ. "ಇವನಿಗೆ ಎಲೆ ಊಟದ ಕ್ರಮ ಗೊತ್ತಿಲ್ಲ ಅಮ್ಮ, ಬ್ಯಾರಿಗಳ ಹುಡುಗ. ಅನ್ನದ ಹಿಂದೆ ಸಾರು ಬರ್ಬೇಕು. ಇವನು ಪಾಯಸದ ಬಾಲ್ದಿ ಹಿಡ್ಕೊಂಡು ಬಂದು ಬಿಸಿ ಅನ್ನದ ಮೇಲೆ ಹೊಯ್ದ. ಒಂದೆಲೆಗಲ್ಲ, ಇಡೀ ಸಾಲಿಗೆ. ಭಟ್ಟರು ಬೊಬ್ಬೆ ಹಾಕಿದ ಮೇಲೆ ನಿಲ್ಲಿಸಿದ್ದು. ನನ್ನ ಎಲೆ ಬದಲಾಯಿಸಿ ಕೊಟ್ಟು, ತಪ್ಪಾಯ್ತು ಶೇಖರಣ್ಣ ಅಂತ ಮೂರು ಸಲ ಹೇಳಿದ. ಅದನ್ನು ಮರೆಯುದು ಹೇಗೆ?"

ನ್ಯಾಯಾಧೀಶರು ತಲೆ ತಗ್ಗಿಸಿ ಬರೆಯುತ್ತಿದ್ದರು. ಅವರ ಮುಖದಲ್ಲಿ ನಗು ಬಂದು ಹೋದದ್ದನ್ನು ಮುರ್ಶಿದಾ ನೋಡಿದಳಂತೆ. ಆರೋಪಿಗಳ ಸಾಲಿನಲ್ಲಿ ನಿಂತ ಮುನವ್ವರ್ ನಾಚಿ ಕಿವಿಯವರೆಗೆ ಕೆಂಪಾಗಿದ್ದ. ಈ ಪೆದ್ದತನವನ್ನು ಅವನು ಮನೆಯಲ್ಲಿ ಒಬ್ಬರಿಗೂ ಹೇಳಿರಲಿಲ್ಲ.

ಹದಿನಾರು ದಿನ ಕಳೆದು ತೀರ್ಪು ಬಂತು. ಮುನವ್ವರನಿಗೆ ಬಿಡುಗಡೆ. ಸ್ವತಂತ್ರ ಸಾಕ್ಷಿಯ ಮಾತು ನಂಬಲರ್ಹವಾಗಿದೆ, ತನಗೆ ನಷ್ಟವಾಗುವುದನ್ನು ತಿಳಿದೂ ನುಡಿದಿದ್ದಾರೆ ಎಂದು ತೀರ್ಪಿನಲ್ಲಿ ಬರೆದಿದ್ದರು. ಸಫಿಯಮ್ಮ ವರಾಂಡದಲ್ಲಿ ನಿಂತು ಅಲ್‌ಹಮ್ದುಲಿಲ್ಲಾಹ್ ಅಂದದ್ದೇ ಅಂದದ್ದು. ಕಲ್ಲು ಬಿಸಾಡುವುದನ್ನು ನೋಡಿದ್ದೇನೆ ಎಂದಿದ್ದ ಕಾನ್‌ಸ್ಟೇಬಲ್ ಜತ್ತಪ್ಪ ಟೊಪ್ಪಿ ಕೈಯಲ್ಲಿ ಹಿಡಿದು ಅವಳ ಹತ್ತಿರ ಬಂದ.

"ಅಮ್ಮ, ನನ್ನನ್ನು ಶಪಿಸ್ಬೇಡಿ. ಪಟ್ಟಿ ಮಾಡಿದ್ದು ನಾನಲ್ಲ. ಓದಿ ಹೇಳು ಅಂದ್ರು, ಹೇಳಿದೆ. ಇಲ್ಲ ಅನ್ಲಿಕ್ಕೆ ಆ ಲೈನ್‌ಮ್ಯಾನಿನಷ್ಟು ಧೈರ್ಯ ನನಗಿಲ್ಲ."

ಇವನ ಮೇಲೆ ಇಷ್ಟು ದಿನ ಹಾಕಿದ ಶಾಪಗಳು ಒಂದೆರಡಲ್ಲ. ಆದರೆ ಆ ದಿನ ಸಫಿಯಮ್ಮನ ಮನಸ್ಸಿನಲ್ಲಿ ಸಿಟ್ಟಿಗೆ ಜಾಗವಿರಲಿಲ್ಲ. "ನಿನಗೂ ಮಕ್ಕಳಿರಬಹುದು. ಹೋಗು," ಎಂದಳು.

ಶೇಖರನಿಗೆ ಮಾತ್ರ ಆಫೀಸಿನವರು ಅಷ್ಟು ಸುಲಭದಲ್ಲಿ ಹೋಗು ಅನ್ನಲಿಲ್ಲ. ನೋಟಿಸು ಬಂತು, ವಿಚಾರಣೆಯಾಯಿತು, ಎರಡು ವರ್ಷದ ಇಂಕ್ರಿಮೆಂಟ್ ಕಡಿತ. ಮೇಲಿಂದ ಬೆಳ್ತಂಗಡಿಯ ಆಚೆ ಕೊಕ್ಕಡಕ್ಕೆ ವರ್ಗ. ಸುದ್ದಿ ಕೇಳಿ ಸಫಿಯಮ್ಮ ಓಡಿಹೋದಾಗ ಕಾಂತಿ ಗಂಡನ ಬಟ್ಟೆ ಮಡಚಿ ಟ್ರಂಕಿಗೆ ಹಾಕುತ್ತಿದ್ದಳು. ಬೈಯುತ್ತಾಳೆ, ಬೈಯಲಿ ಎಂದು ಸಫಿಯಮ್ಮ ತಲೆ ತಗ್ಗಿಸಿ ನಿಂತಳು.

"ಕೆಲಸದಿಂದ ತೆಗೀಲಿಲ್ಲ ಅಕ್ಕ," ಎಂದಳು ಕಾಂತಿ. "ದೇವರು ದೊಡ್ಡವನು. ನಾನು ಅದಕ್ಕಿಂತ ದೊಡ್ಡದಕ್ಕೆ ಹೆದರಿದ್ದೆ." ಆಮೇಲೆ ಟ್ರಂಕಿನ ಮೇಲೆ ಕುಳಿತು ಅತ್ತಳು. ಸಫಿಯಮ್ಮನೂ ಪಕ್ಕದಲ್ಲಿ ಕುಳಿತು ಅತ್ತಳು. ಅತ್ತು ಮುಗಿದ ಮೇಲೆ ಇಬ್ಬರೂ ಸೇರಿ ಟ್ರಂಕಿನ ಬಾಯಿ ಮುಚ್ಚಿದರು. ಆ ವಾರದಿಂದ ಮುರ್ಶಿದಾ ಕಾಂತಿಯ ಮನೆಯಲ್ಲಿ ಮಲಗತೊಡಗಿದಳು. ಭವಿತನಿಗೆ ಲೆಕ್ಕ ಹೇಳಿಕೊಡುವ ಕೆಲಸವೂ ಅವಳದ್ದೇ ಆಯಿತು.

ಪಾಸ್‌ಪೋರ್ಟು ಬಂತು. ವೀಸಾದ ಅವಧಿ ಮುಗಿಯಲು ಒಂಬತ್ತು ದಿನ ಇರುವಾಗ ಟಿಕೆಟೂ ಆಯಿತು. ಗಲ್ಫಿಗೆ ಹೋಗುವವನು ಹೊರಡುವ ಮೊದಲು ಹಿರಿಯರ ಮನೆಗಳಿಗೆಲ್ಲ ಹೋಗಿ ಸಲಾಂ ಹೇಳಿ ಬರಬೇಕು. ಮುನವ್ವರ್ ಮೂಡಬಿದಿರೆಗೆ ಹೋಗಿ ಅಕ್ಕನನ್ನು ಕಂಡು ಬಂದ, ಕಲ್ಲಡ್ಕದಲ್ಲಿ ಸೋದರಮಾವನನ್ನು ಕಂಡು ಬಂದ. ಹೊರಡುವ ಹಿಂದಿನ ದಿನ ತಾಯಿಯನ್ನು ರಿಕ್ಷಾದಲ್ಲಿ ಕೂರಿಸಿಕೊಂಡು ಕೊಕ್ಕಡಕ್ಕೆ ಹೊರಟ.

ದಾರಿಯುದ್ದಕ್ಕೂ ಸಫಿಯಮ್ಮ ಹೇಳಬೇಕಾದ್ದನ್ನು ಮನಸ್ಸಿನಲ್ಲಿ ಜೋಡಿಸಿದಳು. ಮೆಲ್ಲಗೆ, ಮರ್ಯಾದೆಯಿಂದ, ಅಳದೆ ಹೇಳಬೇಕು. ಆದರೆ ಕೊಕ್ಕಡದಲ್ಲಿ ವಿಚಾರಿಸಿದರೆ ಶೇಖರ ಕೋಣೆಯಲ್ಲಿಲ್ಲ. ಪೇಟೆಯಿಂದ ಒಂದು ಮೈಲಿಯಾಚೆ ರಬ್ಬರ್ ತೋಟದ ಬದಿಯಲ್ಲಿ, ಕಂಬದ ತುದಿಯಲ್ಲಿದ್ದ.

"ಶೇಖರಣ್ಣಾ!" ಎಂದು ಮುನವ್ವರ್ ಕರೆದ.

ಮೇಲಿನಿಂದ ಉತ್ತರ ಬಂತು: "ಈಗ ಇಳೀಲಿಕ್ಕಾಗುದಿಲ್ಲ ಮಾರಾಯ! ಲೈನ್ ಆಫ್ ಮಾಡಿಸಿದ್ದೇನೆ. ಅರ್ಧ ಗಂಟೆ ಅಂತ ಪುಸ್ತಕದಲ್ಲಿ ಬರೆದಾಗಿದೆ. ಈಗ ನಾನು ಬರೆದದ್ದಂದ್ರೆ ಬರೆದದ್ದೇ!"

ಅರ್ಧ ಗಂಟೆ ಕಾಯುವ ತಾಳ್ಮೆ ಸಫಿಯಮ್ಮನಿಗೆ ಇರಲಿಲ್ಲ. ಜೋಡಿಸಿದ ಮಾತು ಬಾಯಿಗೆ ಬಂದಾಗಿತ್ತು. ಮೆಲ್ಲಗೆ ಹೇಳಿದರೆ ಕಂಬದ ತುದಿಗೆ ಮುಟ್ಟುವ ಹಾಗೂ ಇರಲಿಲ್ಲ. ರಸ್ತೆಯಲ್ಲಿ ನಿಂತು ತಲೆ ಮೇಲೆತ್ತಿ ಕೂಗಿದಳು.

"ಶೇಖರಣ್ಣ, ನಾಳೆ ಇವನು ಹೋಗ್ತಾನೆ! ನಾನು ಹೆತ್ತದ್ದು ಒಂದು ಸಲ, ನೀವು ಇವನನ್ನು ನನಗೆ ಎರಡನೇ ಸಲ ಕೊಟ್ರಿ! ನಿಮ್ಮ ಹೊಟ್ಟೆ ತಣ್ಣಗಿರ್ಲಿ, ನಿಮ್ಮ ಮಕ್ಕಳು ಚೆನ್ನಾಗಿರ್ಲಿ! ಐದು ಹೊತ್ತು ನಮಾಜಿನಲ್ಲಿಯೂ ನಿಮ್ಮ ಹೆಸರು ಹೇಳ್ತೇನೆ!"

ರಬ್ಬರ್ ಹಾಲು ಸಂಗ್ರಹಿಸುತ್ತಿದ್ದ ಇಬ್ಬರು ಹೆಂಗಸರು ಬಾಲ್ದಿ ಹಿಡಿದು ನಿಂತು ನೋಡಿದರು. ಅಳಬಾರದೆಂದುಕೊಂಡವಳು ಅತ್ತೇ ಅತ್ತಳು. ಮೇಲಿನಿಂದ ಸ್ಪ್ಯಾನರ್ ತಂತಿಗೆ ತಾಗಿದ ಸದ್ದು ಮಾತ್ರ ಕೇಳಿತು.

ಹೇಳಿದ ಹೊತ್ತಿಗೆ ಸರಿಯಾಗಿ ಶೇಖರ ಇಳಿದ. ಮುನವ್ವರ್ ಅವನ ಗ್ರೀಸು ಮೆತ್ತಿದ ಕೈಯನ್ನು ಎರಡೂ ಕೈಗಳಲ್ಲಿ ಹಿಡಿದು ಮುತ್ತಿಟ್ಟು ಕಣ್ಣಿಗೊತ್ತಿಕೊಂಡ.

"ಅಂಗಿ ಕೊಳೆಯಾಗ್ತದೆ, ಬಿಡು," ಎಂದ ಶೇಖರ. "ಅಲ್ಲಿ ಸರಿಯಾಗಿ ಕೆಲಸ ಮಾಡು. ಡ್ಯೂಟಿ ಬಿಟ್ಟು ಎಲ್ಲಿಗೂ ಉಣ್ಲಿಕ್ಕೆ ಹೋಗ್ಬೇಡ."

ಮೂವರೂ ನಕ್ಕರು. ಸಫಿಯಮ್ಮ ಕಣ್ಣೊರೆಸಿಕೊಂಡು ಕೇಳಿದಳು: "ನಿಮಗೆ ನಮ್ಮ ಮೇಲೆ ಬೇಜಾರು ಇಲ್ಲವಾ ಶೇಖರಣ್ಣ? ನಮ್ಮಿಂದಾಗಿ ಮನೆ ಬಿಟ್ಟು ಇಲ್ಲಿ ಬಂದು ಬೀಳುವ ಹಾಗಾಯ್ತು."

"ಉಂಟು," ಎಂದ ಶೇಖರ. ಅವಳು ಬೆಚ್ಚಿದಳು. "ವರ್ಗ ಆದದ್ದಕ್ಕಲ್ಲ. ಕದ್ದು ಬಂದದ್ದು ನಾನು, ಅದಕ್ಕೆ ಕಟ್ಟಬೇಕಾದವನೂ ನಾನೇ. ಒಂದೂವರೆ ವರ್ಷ ನಿಮ್ಮ ಮನೆಯವರಲ್ಲಿ ಒಬ್ಬರೂ ಬಂದು ನನ್ನನ್ನು ಒಂದು ಮಾತು ಕೇಳ್ಲಿಲ್ಲವಲ್ಲ, ಅದು ಇನ್ನೂ ಹೋಗ್ಲಿಲ್ಲ ಸಫಿಯಕ್ಕ. ಅಕ್ಕಪಕ್ಕದವರು ಅಂದ ಮೇಲೆ ಕೇಳ್ಬೇಕು."

ಸಫಿಯಮ್ಮ ಮಗನ ಮುಖ ನೋಡಿದಳು. ರಸ್ತೆ ನೋಡಿದಳು. ಆಮೇಲೆ ಸೆರಗನ್ನು ತಲೆಯ ಮೇಲೆ ಸರಿಮಾಡಿಕೊಂಡು ಅವನ ಎದುರಿಗೇ ಬಂದು ನಿಂತಳು.

"ಹಾಗಾದ್ರೆ ಈಗ ಕೇಳ್ತೇನೆ. ನಾಳೆ ಬಜ್ಪೆ ಏರ್‌ಪೋರ್ಟಿಗೆ ಇವನನ್ನು ಬಿಡ್ಲಿಕ್ಕೆ ಹೋಗುವಾಗ ನೀವು ನಮ್ಮೊಟ್ಟಿಗೆ ಇರ್ಬೇಕು. ಇವನ ತಂದೆಗೆ ಒಬ್ಬರಿಗೇ ಆಗುದಿಲ್ಲ, ಇವನು ಒಳಗೆ ಹೋದ ಮೇಲೆ ಅವರನ್ನು ಹಿಡ್ಕೊಳ್ಳಿಕ್ಕೆ ಜನ ಬೇಕು. ಬರ್ತೀರಾ?"

ಶೇಖರ ಕಿಸೆಯಿಂದ ಸಣ್ಣ ಪುಸ್ತಕ ತೆಗೆದ, ಅದರಿಂದೊಂದು ಹಾಳೆ ಹರಿದ. ರಿಕ್ಷಾದ ಸೀಟಿನ ಮೇಲೆ ಹಾಳೆಯಿಟ್ಟು, ಬಗ್ಗಿ, ದುಂಡು ಅಕ್ಷರದಲ್ಲಿ ನಾಳೆಯ ರಜೆಗೆ ಅರ್ಜಿ ಬರೆಯತೊಡಗಿದ. ಕಾರಣ ಎಂದು ಬರೆಯುವ ಜಾಗಕ್ಕೆ ಬಂದಾಗ ಪೆನ್ನು ಒಂದು ಗಳಿಗೆ ನಿಂತಿತು. ಆಮೇಲೆ "ಮನೆಯ ಹುಡುಗ ಪರದೇಶಕ್ಕೆ ಹೋಗುವುದರಿಂದ" ಎಂದು ಬರೆದು ಸಹಿ ಹಾಕಿದ.